ಪದಚರ್ಚೆ: ವೈಫೈ ಕೈಪಿಡಿಗೆ ಪದಗಳು – ನಿಸ್ತಂತು, ತರಂಗಾಂತರ, ಕೀಲಿ, ಅಕ್ಷರ

ಎಲ್ಲರಿಗೂ ನಮಸ್ಕಾರ.

ಒಂದು ಗ್ರಾಮ ಪಂಚಾಯಿತಿ ಗ್ರಂಥಾಲಯಕ್ಕೆ ಚಿಕ್ಕದೊಂದು ಕೈಪಿಡಿ ಬರೆಯುತ್ತಿದ್ದೇನೆ. ಈಗ ಇವನ್ನು ಅರಿವು ಕೇಂದ್ರ ಅಂತಾರಲ್ಲ, ಅಂಥದ್ದು. ಫೈಬರ್ ಕೇಬಲ್ ಬಾಗಿಲ ತನಕ ಬಂದಿದೆ. ಅಲ್ಲಿಂದ ಮುಂದೆ ವೈಫೈ ಹೊಂದಿಸಿಕೊಳ್ಳುವುದು ಹೇಗೆ, ಬಾಕ್ಸ್ ಎಲ್ಲಿಡಬೇಕು, ಹೆಸರು, ಪಾಸ್‌ವರ್ಡ್ ಬದಲಿಸುವುದು ಹೇಗೆ, ನೆಟ್ ನಿಂತರೆ ಮೊದಲು ಏನು ನೋಡಬೇಕು, ಇಷ್ಟೇ ವಿಷಯ. ಓದುವವರು ಅಲ್ಲಿನ ಗ್ರಂಥಪಾಲಕರು ಮತ್ತು ಪರೀಕ್ಷೆಗೆ ಓದಲು ಬರುವ ಹುಡುಗ ಹುಡುಗಿಯರು. ಕೆಲವು ಪದಗಳ ಬಗ್ಗೆ ನಿಮ್ಮ ಮಾತು ಬೇಕು. ನನಗೆ ಅನಿಸಿದ್ದನ್ನೂ ಜೊತೆಗೇ ಹೇಳಿಬಿಡುತ್ತೇನೆ.

ಮೊದಲನೆಯದು ‘ನಿಸ್ತಂತು ಜಾಲ’. ವೈರ್‌ಲೆಸ್ ನೆಟ್‌ವರ್ಕ್‌ಗೆ ನಿಘಂಟಿನ ದಾರಿಯಲ್ಲಿ ಹೋದರೆ ಸಿಗುವುದು ಇದೇ. ಪದದಲ್ಲಿ ತಪ್ಪಿಲ್ಲ, ಆದರೆ ಪೇಪರ್ ಓದುವವರ ಕಿವಿಗೆ ಎರಡೂ ಪೊಲೀಸ್ ಠಾಣೆಯ ಪದಗಳು. ನಿಸ್ತಂತು ಅಂದರೆ ಪೊಲೀಸರ ವೈರ್‌ಲೆಸ್. ಜಾಲ ಅಂದರೆ ‘ಖೋಟಾ ನೋಟು ಜಾಲ ಪತ್ತೆ’. ಎರಡನ್ನೂ ಸೇರಿಸಿ ಗ್ರಂಥಾಲಯದ ಗೋಡೆಗೆ ಅಂಟಿಸಿದರೆ ಯಾರನ್ನೋ ಹಿಡಿದಿದ್ದಾರೆ ಅಂತಲೇ ಓದಿಕೊಂಡಾರು!

‘ತಂತಿಯಿಲ್ಲದ ಜಾಲ’ ಅನ್ನಬಹುದು, ಅರ್ಥವೂ ಆಗುತ್ತದೆ. ಆದರೆ ತಂತಿ ಎಂಬ ಪದವೇ ಈಗ ಬೇರೆ ಕಡೆ ಹೋಗಿದೆ. ನಮ್ಮ ಹಿರಿಯರಿಗೆ ತಂತಿ ಅಂದರೆ ಟೆಲಿಗ್ರಾಂ. ‘ತಂತಿ ಬಂತು’ ಅಂದರೆ ಸಾಕು, ಮನೆಯೆಲ್ಲ ಗಾಬರಿ. 2013ರ ಜುಲೈನಲ್ಲಿ ಆ ಸೇವೆಯೇ ನಿಂತಿತು. ಇವತ್ತಿನ ಹುಡುಗರಿಗೆ ತಂತಿ ಅಂದರೆ ಬೇಲಿ ತಂತಿ, ಕರೆಂಟ್ ತಂತಿ. ಕಂಪ್ಯೂಟರಿಗೆ ಚುಚ್ಚುವುದನ್ನು ಯಾರೂ ತಂತಿ ಅನ್ನುವುದಿಲ್ಲ, ವೈರ್ ಅಥವಾ ಕೇಬಲ್ ಅನ್ನುತ್ತಾರೆ. ಜೊತೆಗೆ ‘ತಂತಿಯಿಲ್ಲದ’ ಎಂಬ ಮಾತು ಒಂದು ಸುಳ್ಳನ್ನೂ ಹೇಳುತ್ತದೆ. ತಂತಿಯಿಲ್ಲದ್ದು ಬಾಕ್ಸಿನಿಂದ ಫೋನಿನವರೆಗಿನ ಕೊನೆಯ ಕೆಲವು ಮೀಟರ್ ಮಾತ್ರ. ಬಾಕ್ಸಿನ ಹಿಂದೆ ಕೇಬಲ್ ಇದ್ದೇ ಇರುತ್ತದೆ, ಅದನ್ನು ಇಲಿ ಕಡಿದರೆ ಎಲ್ಲ ನಿಲ್ಲುತ್ತದೆ.

ಹಾಗಾಗಿ ನನ್ನ ಮತ ‘ವೈಫೈ’ ಕಡೆಗೆ. ಇದು ಯಾವುದರ ಮೊಟಕೂ ಅಲ್ಲ. ‘ವೈರ್‌ಲೆಸ್ ಫಿಡೆಲಿಟಿ’ ಅಂತ ವಿಸ್ತರಿಸುವ ಜಿ.ಕೆ. ಪುಸ್ತಕಗಳು ಈಗಲೂ ಇವೆ. ನಿಜದಲ್ಲಿ ಈ ತಂತ್ರಜ್ಞಾನದ ಹೆಸರು ಐಇಇಇ 802.11 ಅಂತ ಇತ್ತು. ಅದನ್ನು ಹೇಳಿ ಸಾಮಾನು ಮಾರಲು ಆಗುವುದಿಲ್ಲ ಅಂತ 1999ರಲ್ಲಿ ಇಂಟರ್‌ಬ್ರ್ಯಾಂಡ್ ಎಂಬ ಕಂಪನಿಯಿಂದ ಒಂದು ಹೆಸರು ಮಾಡಿಸಿದರು. ‘ಫಿಡೆಲಿಟಿ’ ಬಂದದ್ದು ಆಮೇಲೆ, ಜಾಹೀರಾತಿನ ಸಾಲಾಗಿ. ಅಂದಮೇಲೆ ಅದನ್ನು ಬಿಡಿಸಿ ಅನುವಾದ ಮಾಡುವುದರಲ್ಲಿ ಅರ್ಥವಿಲ್ಲ, ಅಲ್ವಾ? ಒಂದೇ ಸಣ್ಣ ಪ್ರಶ್ನೆ ಉಳಿಯುತ್ತದೆ: ‘ವೈಫೈನಲ್ಲಿ’ ಬರೆಯಬೇಕೋ ‘ವೈಫೈಯಲ್ಲಿ’ ಬರೆಯಬೇಕೋ? ಕೈ, ಮೈ ಇವಕ್ಕೆ ಕೈಯಲ್ಲಿ, ಮೈಯಲ್ಲಿ ಅಂತೀವಿ. ಚೆನ್ನೈ, ಮುಂಬೈಗೆ ಮಾತ್ರ ಪತ್ರಿಕೆಗಳು ‘ನಲ್ಲಿ’ ಹಚ್ಚುತ್ತವೆ. ನನಗೆ ‘ವೈಫೈಯಲ್ಲಿ’ ನಾಲಿಗೆಗೆ ಹಗುರ. ನೀವೇನಂತೀರಿ?

ಈಗ ನನಗೆ ನಿಜವಾಗಿ ಮುಖ್ಯ ಅನಿಸುವ ಸಂಗತಿಗೆ ಬರುತ್ತೇನೆ. ನಾವು ಪದಚರ್ಚೆ ಅಂದರೆ ನಾಮಪದದ ಹಿಂದೆಯೇ ಬೀಳುತ್ತೇವೆ. ರೂಟರ್‌ಗೆ ಏನು, ಮೋಡೆಮ್‌ಗೆ ಏನು, ಸಿಗ್ನಲ್‌ಗೆ ಏನು. ಜನ ಆ ನಾಮಪದಗಳನ್ನು ಇಂಗ್ಲಿಷಿನಿಂದ ಹಾಗೇ ಎತ್ತಿಕೊಂಡಿದ್ದಾರೆ. ಆದರೆ ಅವುಗಳ ಜೊತೆ ಬರುವ ಕ್ರಿಯಾಪದಗಳೆಲ್ಲ ಕನ್ನಡದವೇ. ಇಡೀ ವ್ಯವಸ್ಥೆಯಲ್ಲಿ ತೊಂದರೆ ಎಲ್ಲಿದೆ ಎಂಬುದನ್ನು ಹೇಳುವುದು ಈ ಕ್ರಿಯಾಪದವೇ, ನಾಮಪದವಲ್ಲ.

ಸುಮ್ನೆ ಕೇಳಿಸಿಕೊಳ್ಳಿ. ‘ವೈಫೈ ತೋರಿಸ್ತಿಲ್ಲ’ ಅಂದರೆ ಫೋನಿನ ಪಟ್ಟಿಯಲ್ಲಿ ಹೆಸರೇ ಕಾಣುತ್ತಿಲ್ಲ. ಬಾಕ್ಸ್ ಆಫ್ ಆಗಿರಬೇಕು, ತೀರಾ ದೂರ ಇರಬೇಕು, ಇಲ್ಲವೇ ಬಾಕ್ಸ್ ಬಳಸುವ 2.4, 5 ಗಿಗಾಹರ್ಟ್ಸ್ ಎಂಬ ಎರಡು ರೇಡಿಯೊ ಪಟ್ಟಿಗಳಲ್ಲಿ ಅದು 5 ಗಿಗಾಹರ್ಟ್ಸ್‌ನಲ್ಲಿ ಮಾತ್ರ ಹೆಸರು ಸಾರುತ್ತಿದ್ದು ಹಳೆಯ ಫೋನಿಗೆ ಅದು ಕೇಳದಿರಬೇಕು. ‘ಹಿಡೀತಿಲ್ಲ’ ಅಂದರೆ ಹೆಸರು ಕಾಣುತ್ತಿದೆ, ಆದರೆ ಸಿಗ್ನಲ್ ಸಾಲದು. ರೇಡಿಯೊ ಸ್ಟೇಷನ್ ‘ಹಿಡಿಯುತ್ತಿದ್ದ’ ಕಾಲದಿಂದಲೂ ಈ ಅರ್ಥ ನಮ್ಮಲ್ಲಿದೆ. ‘ಕನೆಕ್ಟ್ ಆಗ್ತಿಲ್ಲ’ ಅಂದರೆ ಸಿಗ್ನಲ್ ಸಾಕಷ್ಟಿದ್ದರೂ ಬಾಕ್ಸ್ ಒಳಗೆ ಬಿಟ್ಟುಕೊಳ್ಳುತ್ತಿಲ್ಲ, ಹೆಚ್ಚಾಗಿ ಪಾಸ್‌ವರ್ಡ್ ತಪ್ಪು. ‘ನೆಟ್ ಬರ್ತಿಲ್ಲ’ ಅಂದರೆ ಫೋನು ಮತ್ತು ಬಾಕ್ಸ್ ನಡುವೆ ಎಲ್ಲ ಸರಿಯಿದೆ, ಬಾಕ್ಸಿನಿಂದ ಆಚೆ ಕಡಿದಿದೆ. ‘ತಿರುಗ್ತಾನೇ ಇದೆ’ ಅಂದರೆ ಬರುತ್ತಿದೆ, ಆದರೆ ನಿಧಾನ.

ಇಲ್ಲಿ ‘ಬರು’ ನೋಡಿ. ಕರೆಂಟ್ ಬರುತ್ತೆ, ನೀರು ಬರುತ್ತೆ, ಪೇಪರ್ ಬರುತ್ತೆ, ನೆಟ್ ಬರುತ್ತೆ. ಬೇರೆ ಯಾರೋ ಕಳಿಸಬೇಕಾದದ್ದು ‘ಬರುತ್ತದೆ’. ನಾವು ಚಾಚಿ ತೆಗೆದುಕೊಳ್ಳಬೇಕಾದದ್ದು ‘ಸಿಗುತ್ತದೆ’ ಅಥವಾ ‘ಹಿಡಿಯುತ್ತದೆ’. ಈ ವ್ಯತ್ಯಾಸವನ್ನು ಯಾರೂ ಕಲಿಸಿಲ್ಲ, ಆದರೂ ಎಂಜಿನಿಯರ್ ಬರೆಯುವ ನಕ್ಷೆಗೆ ಸರಿಯಾಗಿ ಕೂರುತ್ತದೆ. ಅದಕ್ಕೆ ಕೈಪಿಡಿಯ ತೊಂದರೆ ನಿವಾರಣೆ ಭಾಗವನ್ನು ಈ ಐದು ಮಾತುಗಳ ಕೆಳಗೇ ಬರೆಯಬೇಕು ಅಂತಿದ್ದೇನೆ. ‘ಸಂಪರ್ಕ ಸಮಸ್ಯೆಗಳು’ ಅಂತ ಒಂದು ತಲೆಬರಹ ಕೊಟ್ಟರೆ ಈ ಐದೂ ಒಂದೇ ಮೂಟೆಗೆ ಹೋಗುತ್ತವೆ. ಫೋನಿನ ಕನ್ನಡ ಪರದೆ ‘ಸಂಪರ್ಕಗೊಂಡಿದೆ’ ಅಂತ ತೋರಿಸುವಾಗ ಆಗುವ ಗೊಂದಲವೂ ಇದೇ. ಯಾವುದಕ್ಕೆ ಸಂಪರ್ಕಗೊಂಡಿದೆ? ಬಾಕ್ಸಿಗೋ, ಹೊರಗಿನ ಲೋಕಕ್ಕೋ?

ಒಂದು ತೊಡಕು ಇದೆ. ‘ವೈಫೈ ಬರ್ತಿಲ್ಲ’ ಅಂತಲೂ ಧಾರಾಳವಾಗಿ ಅನ್ನುತ್ತಾರೆ. ಆಗ ವೈಫೈ ಅಂದರೆ ಇಂಟರ್ನೆಟ್ ಅಂತಲೇ ಅರ್ಥ. ಅಂಥವರಿಗೆ ಬಾಕ್ಸಿನ ದೀಪ ನೋಡಲು ಹೇಳಬೇಕು. ಫೈಬರ್ ಬಾಕ್ಸಿನಲ್ಲಿ ಎಲ್‌ಒಎಸ್ ಅಂತ ಒಂದು ದೀಪ ಇರುತ್ತದೆ, ಸಿಗ್ನಲ್ ಕಳೆದುಹೋಗಿದೆ ಅಂತ ಹೇಳಲು. ‘ಸಾರ್, ಲಾಸ್ ಅಂತ ಕೆಂಪು ದೀಪ ಬಂದಿದೆ’ ಅಂತ ಓದಿ ಹೇಳುತ್ತಾರೆ. ಅಕ್ಷರಗಳನ್ನು ಕೂಡಿಸಿ ಓದಿದರೂ ಅರ್ಥ ಸರಿಯಾಗಿಯೇ ಬಂತು ನೋಡಿ! ಆ ದೀಪ ಕೆಂಪಾಗಿ ಮಿನುಗುತ್ತಿದ್ದರೆ ಕೇಬಲಿನಲ್ಲಿ ಬೆಳಕೇ ಬರುತ್ತಿಲ್ಲ ಅಂತ. ಪಾಸ್‌ವರ್ಡ್ ಬದಲಿಸಿ ಉಪಯೋಗವಿಲ್ಲ, ಕೇಬಲಿನವರಿಗೆ ಫೋನ್ ಮಾಡುವುದೊಂದೇ ದಾರಿ.

ಇನ್ನು ‘ತರಂಗಾಂತರ’. ಈ ಪದದ ಬಗ್ಗೆ ನನಗೆ ತಕರಾರೇ ಇದೆ. ಪತ್ರಿಕೆಗಳಲ್ಲಿ ಸ್ಪೆಕ್ಟ್ರಂ ಹರಾಜಿಗೆ ‘ತರಂಗಾಂತರ ಹರಾಜು’ ಎಂದೇ ರೂಢಿ. ಅದನ್ನೇ ಹಿಡಿದು ‘2.4 ಗಿಗಾಹರ್ಟ್ಸ್ ತರಂಗಾಂತರ’ ಅಂತಲೂ ಬರೆಯುತ್ತಾರೆ. ಆದರೆ ಪದ ಹೇಳುವುದು ಒಂದು ಅಲೆಗೂ ಮುಂದಿನ ಅಲೆಗೂ ಇರುವ ಅಂತರವನ್ನು. ಅದನ್ನು ಅಳೆಯುವುದು ಸೆಂಟಿಮೀಟರಿನಲ್ಲಿ. 2.4 ಗಿಗಾಹರ್ಟ್ಸ್ ಅಲೆಗೆ ಆ ಅಂತರ ಹನ್ನೆರಡೂವರೆ ಸೆಂಟಿಮೀಟರ್, 5 ಗಿಗಾಹರ್ಟ್ಸ್‌ಗೆ ಸುಮಾರು ಆರು. ಗಿಗಾಹರ್ಟ್ಸ್ ಹೆಚ್ಚಾದಷ್ಟೂ ಅಂತರ ಕಡಿಮೆ. ಈಗ ಕೈಪಿಡಿಯಲ್ಲಿ ‘ಹೆಚ್ಚಿನ ತರಂಗಾಂತರದಲ್ಲಿ ವೇಗ ಜಾಸ್ತಿ, ಆದರೆ ಗೋಡೆ ದಾಟುವುದಿಲ್ಲ’ ಅಂತ ಬರೆದರೆ ವಿಜ್ಞಾನ ಪೂರ್ತಿ ತಲೆಕೆಳಗು. ಪಿಯುಸಿ ಓದುವ ಹುಡುಗಿಯೊಬ್ಬಳು ಅಲ್ಲೇ ಕೂತು ಅದನ್ನು ಓದುತ್ತಾಳೆ ಅನ್ನುವುದು ನೆನಪಿರಲಿ.

ಗಿಗಾಹರ್ಟ್ಸ್ ಅಳೆಯುವುದು ಫ್ರೀಕ್ವೆನ್ಸಿಯನ್ನು, ಅಂದರೆ ಅಲೆ ಸೆಕೆಂಡಿಗೆ ಎಷ್ಟು ಸಲ ಕಂಪಿಸುತ್ತದೆ ಎಂಬುದನ್ನು. ಅದಕ್ಕೆ ಏನನ್ನಬೇಕು? ಪಠ್ಯಪುಸ್ತಕದ ‘ಆವೃತ್ತಿ’ ಪುಸ್ತಕದ ಆವೃತ್ತಿಯ ಜೊತೆ ಗೊಂದಲ, ಅದೂ ಗ್ರಂಥಾಲಯದಲ್ಲಿ. ‘ಕಂಪನಾಂಕ’ ಆಕಾಶವಾಣಿ ಕೇಳುವವರಿಗೆ ಪರಿಚಯ, ನನಗೂ ಇಷ್ಟ, ಆದರೆ ಈ ಓದುಗರಿಗೆ ಹೊಸದಾಗಬಹುದು. ಬಾಕ್ಸನ್ನು ಹೊಂದಿಸುವವರಿಗೆ ಬೇಕಾದ್ದು ಇಷ್ಟು: 2.4 ಹೆಚ್ಚು ದೂರ ಹೋಗುತ್ತದೆ, ಗೋಡೆಯನ್ನೂ ತಕ್ಕಮಟ್ಟಿಗೆ ದಾಟುತ್ತದೆ, ಆದರೆ ಅಲ್ಲಿ ಬೇರೆ ಸಿಗ್ನಲ್‌ಗಳ ಗದ್ದಲ ಜಾಸ್ತಿ. 5ರಲ್ಲಿ ವೇಗ ಹೆಚ್ಚು, ಒಂದೇ ಕೋಣೆಗೆ ಸೈ. ‘ಎರಡೂವರೆಯ ಹತ್ತಿರದ್ದು, ಐದರದ್ದು’ ಅಂತ ಅಂಕಿಯನ್ನೇ ಹೆಸರು ಮಾಡಿಕೊಂಡರೆ ಆಗದೇ? ಅಂದಹಾಗೆ 2.4ರ ಪಟ್ಟಿಗೆ ನಮ್ಮ ದೇಶದಲ್ಲಿ 2005ರಿಂದಲೇ ಲೈಸೆನ್ಸ್ ಬೇಕಿಲ್ಲ. ಹರಾಜಿನ ಸುದ್ದಿಯ ಪದವನ್ನೇ ಇದಕ್ಕೂ ಬಳಸಿದರೆ ‘ಪಂಚಾಯಿತಿ ಇದಕ್ಕೆ ಅನುಮತಿ ಪಡೆದಿದೆಯಾ’ ಅಂತ ಯಾರಾದರೂ ಅರ್ಜಿ ಹಾಕಿಯಾರು.

ಚಾನೆಲ್, ಅಂದರೆ ಆ ಪಟ್ಟಿಯೊಳಗಿನ ಒಂದೊಂದು ಪಾಲು, ಈ ಪದ ಹಾಗೇ ಇರಲಿ ಅಂದುಕೊಂಡಿದ್ದೇನೆ. ಮಂಡ್ಯದ ಕಡೆ ಚಾನಲ್ ಅಂದರೆ ನಾಲೆಯೂ ಹೌದು, ಆದರೂ ತೊಂದರೆಯಿಲ್ಲ. 2.4ರಲ್ಲಿ ಒಂದರ ಮೇಲೊಂದು ಬೀಳದ ಚಾನೆಲ್‌ಗಳು 1, 6, 11. ಪಕ್ಕದ ಪಂಚಾಯಿತಿ ಆಫೀಸಿನ ಬಾಕ್ಸ್ 6ರಲ್ಲಿದ್ದರೆ ನೀವು 1ಕ್ಕೋ 11ಕ್ಕೋ ಹೋಗಿ ಅಂತ ಒಂದು ಸಾಲು ಸಾಕು.

‘ಕೀಲಿ’ ಬಗ್ಗೆ ಉತ್ತರ ಕರ್ನಾಟಕದವರು ದಯವಿಟ್ಟು ಹೇಳಿ. ಬಾಕ್ಸಿನ ಅಡಿಯ ಚೀಟಿಯಲ್ಲಿ ಕೆಲವೊಮ್ಮೆ ಪಾಸ್‌ವರ್ಡ್ ಬದಲು ಸೆಕ್ಯುರಿಟಿ ಕೀ ಅಂತ ಇರುತ್ತದೆ. ಅದಕ್ಕೆ ‘ಭದ್ರತಾ ಕೀಲಿ’ ಅಂತ ಅನುವಾದ ಮಾಡುವುದುಂಟು. ಮೈಸೂರು ಕಡೆಯ ನನಗೆ ಬೀಗ, ಬೀಗದ ಕೈ. ಕೀಲಿ ಅಂದರೆ ಪುಸ್ತಕದಲ್ಲಿ ಓದಿದ, ಕೀಲಿಮಣೆಯಲ್ಲಿ ಬರುವ ಕೀ. ಆದರೆ ಧಾರವಾಡದಲ್ಲಿ ಕೀಲಿ ಅಂದರೆ ಬೀಗ, ತೆರೆಯುವುದು ಕೀಲಿಕೈ. ಹಾಗಾದರೆ ‘ಕೀಲಿ ಹಾಕಿ’ ಅಂತ ಬರೆದರೆ ಅಲ್ಲಿ ಮುಚ್ಚಿದಂತೆ, ಇಲ್ಲಿ ತೆರೆದಂತೆ! ನಾನು ಪಾಸ್‌ವರ್ಡ್ ಅಂತಲೇ ಬರೆಯುತ್ತೇನೆ. ಆದರೆ ಪಾಸ್‌ವರ್ಡ್ ಎರಡು ಇವೆ. ವೈಫೈಗೆ ಸೇರಲು ಒಂದು, ಬಾಕ್ಸಿನ ಒಳಗೆ ಹೋಗಿ ಸೆಟ್ಟಿಂಗ್ ಬದಲಿಸಲು ಇನ್ನೊಂದು. ಮೊದಲನೆಯದನ್ನು ಓದಲು ಬಂದವರಿಗೆ ಕೊಡಬಹುದು, ಎರಡನೆಯದನ್ನು ಕೊಡಬಾರದು. ‘ಓದುಗರ ಪಾಸ್‌ವರ್ಡ್’, ‘ಬಾಕ್ಸಿನ ಪಾಸ್‌ವರ್ಡ್’ ಎಂದರೆ ಸಾಕೇ? ಇದಕ್ಕಿಂತ ಚೆನ್ನಾದದ್ದು ಹೊಳೆದರೆ ತಿಳಿಸಿ.

ಕೊನೆಯದು ‘ಅಕ್ಷರ’. ವೈಫೈಗೆ ಕನ್ನಡದಲ್ಲೇ ಹೆಸರಿಡಬಹುದು, ಈಗಿನ ಫೋನುಗಳಲ್ಲಿ ಕನ್ನಡದಲ್ಲೇ ಕಾಣುತ್ತದೆ. ನಾನು ‘ಅರಿವುಕೇಂದ್ರ’ ಅಂತ ಕೊಡಲು ಹೋದರೆ ಬಾಕ್ಸ್ ಒಪ್ಪಲಿಲ್ಲ. ಹೆಸರಿಗೆ ಇರುವ ಜಾಗ 32 ಬೈಟ್. ಇಂಗ್ಲಿಷಿನ ಒಂದು ಅಕ್ಷರಕ್ಕೆ ಒಂದು ಬೈಟ್ ಸಾಕು. ಕನ್ನಡದಲ್ಲಿ ಅಕ್ಷರಕ್ಕೆ ಮೂರು, ಗುಣಿತದ ಗುರುತಿಗೆ ಬೇರೆ ಮೂರು, ಸೊನ್ನೆಗೆ ಮೂರು, ಒತ್ತಕ್ಷರ ಮಾಡುವ ‘್’ ಗುರುತಿಗೂ ಮೂರು. ನಮ್ಮ ಕಣ್ಣಿಗೆ ಅ, ರಿ, ವು, ಕೇಂ, ದ್ರ ಅಂತ ಐದೇ ಅಕ್ಷರ. ಯಂತ್ರಕ್ಕೆ ಅದು ಹನ್ನೊಂದು, ಬೈಟ್ ಲೆಕ್ಕದಲ್ಲಿ 33. ಒಂದೇ ಒಂದು ಜಾಸ್ತಿ! ‘ಗ್ರಂಥಾಲಯ’ ಆದರೆ 24, ಆರಾಮಾಗಿ ಕೂರುತ್ತದೆ. ಪಾಸ್‌ವರ್ಡಿನ ಕಥೆ ಬೇರೆ. ವೈಫೈ ಭದ್ರತೆಯ ಡಬ್ಲ್ಯುಪಿಎ2 ಎಂಬ ನಿಯಮದ ಪ್ರಕಾರ ಅದು 8ರಿಂದ 63ರ ಒಳಗಿರಬೇಕು, ಅದೂ ಇಂಗ್ಲಿಷ್ ಅಕ್ಷರ, ಅಂಕಿ, ಚಿಹ್ನೆಗಳಲ್ಲಿ ಮಾತ್ರ. ಅಲ್ಲಿ ಕನ್ನಡಕ್ಕೆ ಜಾಗವಿಲ್ಲ.

ಈಗ ‘ಕನಿಷ್ಠ 8 ಅಕ್ಷರಗಳು’ ಅಂತ ಬರೆದರೆ ಅಂಕಿ ಹಾಕುವಂತಿಲ್ಲ ಅಂತ ಕೆಲವರು ತಿಳಿಯುತ್ತಾರೆ, ಏಕೆಂದರೆ ನಮ್ಮಲ್ಲಿ ಅಕ್ಷರ ಬೇರೆ, ಅಂಕಿ ಬೇರೆ. ‘ಸಂಕೇತ’ ಅಂದರೆ ಗುಟ್ಟಿನ ಸನ್ನೆ ಅನಿಸುತ್ತದೆ. ‘ಎಂಟು ಸಲ ಕೀ ಒತ್ತುವಷ್ಟು ಉದ್ದ’ ಅನ್ನಬಹುದೇನೋ, ಆದರೆ ಫೋನಿನಲ್ಲಿ ದೊಡ್ಡಕ್ಷರಕ್ಕೆ, ಚಿಹ್ನೆಗೆ ಬೇರೆ ಕೀ ಬೇರೆ ಒತ್ತಬೇಕಲ್ಲ.

ಹಾಗಾಗಿ ನನ್ನ ಕೇಳಿಕೆ ಮುಖ್ಯವಾಗಿ ಎರಡು. ಅಕ್ಷರ, ಅಂಕಿ, ಚಿಹ್ನೆ ಮೂರನ್ನೂ ಒಟ್ಟಿಗೆ ಕರೆಯಲು ಬಳಕೆಯಲ್ಲಿರುವ ಪದ ಏನಾದರೂ ಇದೆಯೇ? ಅಚ್ಚುಮೊಳೆ ಜೋಡಿಸುತ್ತಿದ್ದ ಹಳಬರ ಮಾತಿನಲ್ಲಿ ಇದ್ದರೂ ಆದೀತು. ಇನ್ನೊಂದು, ನಿಮ್ಮ ಊರಿನಲ್ಲಿ ವೈಫೈ ಕೈಕೊಟ್ಟಾಗ ಜನ ಬಳಸುವ ಕ್ರಿಯಾಪದಗಳು. ಮಂಗಳೂರು, ಕಲಬುರಗಿ, ಕೊಡಗು, ಕಾರವಾರದ ಕಡೆಯವು ನನ್ನ ಪಟ್ಟಿಯಲ್ಲಿ ಇನ್ನೂ ಇಲ್ಲ. ಹೇಳುವವರ ಬಾಯಲ್ಲಿ ಬಂದ ಹಾಗೇ ಬರೆದು ಕಳಿಸಿ, ತಿದ್ದಬೇಡಿ.