ಅಪ್‌ಡೇಟ್: ಅಂಕ ತಪ್ಪಾಗಿ ನಮೂದಾಗಿ ಆಯ್ಕೆ ಪಟ್ಟಿಯಿಂದ ಹೊರಗುಳಿದ ಪ್ರಕರಣ

ರಾಜ್ಯ ಸರ್ಕಾರದ ಹುದ್ದೆಯೊಂದರ ನೇಮಕಾತಿಯಲ್ಲಿ ನನ್ನ ಶೇ 86 ಅಂಕವನ್ನು ಕಚೇರಿಯವರು 68 ಎಂದು ಎಂಟ್ರಿ ಮಾಡಿ ಪಟ್ಟಿಯಿಂದ ಕೈಬಿಟ್ಟಿದ್ದರು. ಏನು ಮಾಡಬಹುದು ಅಂತ ಕೇಳಿದ್ದೆ, ನೆನಪಿದೆಯಾ?

ಆಕ್ಷೇಪಣೆ ಸಲ್ಲಿಸಿದೆ, ಉತ್ತರವೇ ಬರಲಿಲ್ಲ. ಆಮೇಲೆ ನೀವು ಹೇಳಿದಂತೆ ಆರ್‌ಟಿಐ ಹಾಕಿದೆ. ಕೈ ಹಿಡಿದಿದ್ದು ಅದೇ. ದಾಖಲೆ ಪರಿಶೀಲನೆಯ ಹಾಳೆಯಲ್ಲಿ ಹಸಿರು ಶಾಯಿಯಲ್ಲಿ 86 ಎಂದೇ ಬರೆದು ಸಹಿ ಮಾಡಿದ್ದಾರೆ. ಕಂಪ್ಯೂಟರ್ ಪ್ರಿಂಟ್‌ನಲ್ಲಿ ಮಾತ್ರ 68!

ಇಂಥ ವಿಷಯಕ್ಕೆ ನೇರವಾಗಿ ಹೈಕೋರ್ಟ್‌ಗೆ ಹೋಗುವಂತಿಲ್ಲ, ಮೊದಲು ಕೆಎಟಿ (ಸರ್ಕಾರಿ ನೌಕರಿಯ ವ್ಯಾಜ್ಯಗಳನ್ನು ಕೇಳುವ ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿ). 1997ರ ಸುಪ್ರೀಂ ಕೋರ್ಟ್ ತೀರ್ಪು ಹಾಗೆ ಹೇಳುತ್ತದೆ ಎಂದರು ವಕೀಲರು. ಅಲ್ಲಿಗೇ ಅರ್ಜಿ ಹಾಕಿದೆವು; ಅದಕ್ಕೆ ಅವರು 2024ರ ಇನ್ನೊಂದು ತೀರ್ಪನ್ನೂ ಜೋಡಿಸಿದರು. ಬಿಹಾರದ ಕಾನ್‌ಸ್ಟೇಬಲ್ ನೇಮಕಾತಿಯಲ್ಲಿ ಅಭ್ಯರ್ಥಿಯ ಅರ್ಜಿಯಲ್ಲಿ ಹುಟ್ಟಿದ ದಿನ 18ರ ಬದಲು 8 ಆಗಿತ್ತು. ಅದರಿಂದ ಅವರಿಗೆ ಯಾವ ಲಾಭವೂ ಇರಲಿಲ್ಲ. ಅಷ್ಟಕ್ಕೇ ತಿರಸ್ಕರಿಸಿದ್ದು ಸರಿಯಲ್ಲ ಎಂದಿತು ಸುಪ್ರೀಂ ಕೋರ್ಟ್. ಅಲ್ಲಿ ತಪ್ಪು ಅಭ್ಯರ್ಥಿಯದೇ ಆಗಿತ್ತು. ನನ್ನದರಲ್ಲಿ ತಪ್ಪು ಪೂರ್ತಿ ಕಚೇರಿಯದು, ಅಲ್ವಾ?

ಅಂತಿಮ ಆದೇಶ ಇನ್ನೂ ಬಂದಿಲ್ಲ. ಆದರೆ ಒಂದು ಹುದ್ದೆ ಖಾಲಿ ಇಡಿ ಎಂಬ ಮಧ್ಯಂತರ ಆದೇಶ ಸಿಕ್ಕಿದೆ. ಇದನ್ನು ಮೊದಲೇ ಕೇಳಿಕೊಳ್ಳಿ. ಎಲ್ಲ ಹುದ್ದೆ ಭರ್ತಿಯಾದ ಮೇಲೆ ಗೆದ್ದರೂ ಕೆಲಸ ಸಿಗುವುದು ಬಹಳ ಕಷ್ಟ.