‘ಮಾಡ್ ಆ್ಯಪ್’ ಅನ್ನು ‘ತಿದ್ದಿದ ಆ್ಯಪ್’ ಅನ್ನಬಹುದೇ?

ಎಲ್ಲರಿಗೂ ನಮಸ್ಕಾರ.

ಮಂಗಳೂರಿನ ಪಿಯುಸಿ ಮಕ್ಕಳಿಗಾಗಿ ರೂಟ್ ಮಾಡಿದ (ಕಂಪನಿಯ ತಡೆ ದಾಟಿ ಪೂರ್ತಿ ಅಧಿಕಾರ ನಮ್ಮ ಕೈಗೆ ಬಂದ) ಆಂಡ್ರಾಯ್ಡ್ ಫೋನ್ ಬಗ್ಗೆ ಒಂದು ಪುಟದ ಕರಪತ್ರ ಬರೆಯುತ್ತಿದ್ದೇನೆ. ಒಂದು ಪದ ಮಾತ್ರ ಇತ್ಯರ್ಥವಾಗುತ್ತಿಲ್ಲ.

ಲಕ್ಕಿ ಪ್ಯಾಚರ್‌ನಂಥ ಸಾಧನ ಬಳಸಿ ಬದಲಾಯಿಸಿದ ಆ್ಯಪ್‌ಗೆ ಮಕ್ಕಳ ಬಾಯಲ್ಲಿ ‘ಮಾಡ್ ಆ್ಯಪ್’ ಅಂತ ಹೆಸರು. ಇಂಗ್ಲಿಷಿನ ‘ಮಾಡಿಫೈಡ್’ ಮೊಟಕಾಗಿ ‘ಮಾಡ್’ ಆಗಿದೆ. ಹಂಪನಕಟ್ಟೆಯ ಮೊಬೈಲ್ ಅಂಗಡಿಯಲ್ಲೂ “ಇದರ ಮಾಡ್ ಉಂಟಾ?” ಅಂತಲೇ ಕೇಳುತ್ತಾರೆ. ಬರಹದಲ್ಲಿ ನೋಡಿದವರಿಗೆ ಅದು ‘ಮಾಡು’ ಅನ್ನಿಸುತ್ತದೆ. ‘ಮಾರ್ಪಡಿಸಿದ ಆ್ಯಪ್’ ಅಂದರೆ ತಪ್ಪಲ್ಲ. ಆದರೆ ಕಂಪನಿಯೇ ಹೊಸ ಆವೃತ್ತಿ ತಂದರೂ ಅದು ಮಾರ್ಪಾಡೇ ಅಲ್ವಾ?

ನನ್ನ ಒಲವು ‘ತಿದ್ದು’ ಕಡೆಗೆ. ಟೀಚರ್ ಕಾಗುಣಿತ ತಿದ್ದುತ್ತಾರೆ, ಅದು ಒಳ್ಳೆಯದಕ್ಕೆ. ‘ಅಂಕಪಟ್ಟಿ ತಿದ್ದಿದ’ ಅಂದರೆ ಅದೇ ಪದ ಅಪರಾಧವಾಗುತ್ತದೆ. ಇಲ್ಲಿ ಎರಡು ಅರ್ಥವೂ ಬೇಕು.

ಒಳ್ಳೆಯ ಬಳಕೆ ನಿಜಕ್ಕೂ ಇದೆ. 2012ರಲ್ಲಿ ಆಂಡ್ರಾಯ್ಡ್ 4.1 ಬರುವ ಮೊದಲು ಎಷ್ಟೋ ಫೋನ್‌ಗಳಲ್ಲಿ ಕನ್ನಡ ಬರೀ ಚೌಕಗಳಾಗಿ ಕಾಣುತ್ತಿತ್ತು. ಫೋನ್ ರೂಟ್ ಮಾಡಿ ಕನ್ನಡ ಫಾಂಟ್ ಹಾಕಿಕೊಂಡವರಿದ್ದರು. ಒತ್ತಕ್ಷರ ಸರಿ ಕೂರದಿದ್ದರೂ ಓದಲಿಕ್ಕಾದರೂ ಆಗುತ್ತಿತ್ತು. ಕಂಪನಿ ತುಂಬಿ ಕೊಟ್ಟ ಬೇಡದ ಆ್ಯಪ್‌ಗಳನ್ನು ತೆಗೆಯಲು ರೂಟ್ ಮಾಡುವವರು ಈಗಲೂ ಇದ್ದಾರೆ.

ಅಪಾಯ ಮಕ್ಕಳಿಗೆ ತಿಳಿಯಲೇಬೇಕು. ಪ್ರತಿ ಆ್ಯಪ್‌ನಲ್ಲೂ ಅದನ್ನು ತಯಾರಿಸಿದವರ ಡಿಜಿಟಲ್ ಸಹಿ ಇರುತ್ತದೆ. ಆ್ಯಪ್ ಇನ್‌ಸ್ಟಾಲ್ ಮಾಡಲು ಬಳಸುವ ಎಪಿಕೆ ಕಡತದೊಳಗೆ ಕೈಯಾಡಿಸಿದರೆ ಆ ಸಹಿ ನಡೆಯುವುದಿಲ್ಲ, ತಿದ್ದಿದವರು ತಮ್ಮದೇ ಸಹಿ ಹಾಕಬೇಕು. ಆಮೇಲೆ ಅಸಲಿ ಆ್ಯಪ್‌ನ ಅಪ್‌ಡೇಟ್ ಅದರ ಮೇಲೆ ಇನ್‌ಸ್ಟಾಲ್ ಆಗುವುದಿಲ್ಲ. ಭದ್ರತೆಯ ದೋಷ ಸರಿಪಡಿಸಿದ ಆವೃತ್ತಿ ಬಂದರೂ ಇವರ ಕೈಯಲ್ಲಿ ಹಳೆಯದೇ ಉಳಿಯುತ್ತದೆ. ಅದಕ್ಕಿಂತ ಜಾಸ್ತಿ ಹೆದರಿಕೆ ಇನ್ನೊಂದರದ್ದು. ಸಾಮಾನ್ಯವಾಗಿ ಒಂದು ಆ್ಯಪ್ ಇನ್ನೊಂದರ ಖಾಸಗಿ ಕಡತ ಓದಲು ಆಂಡ್ರಾಯ್ಡ್ ಬಿಡುವುದಿಲ್ಲ. ರೂಟ್ ಅನುಮತಿ ಪಡೆದ ಆ್ಯಪ್‌ಗೆ ಈ ತಡೆ ಇಲ್ಲ. ಅಪ್ಪ ಅಮ್ಮನ ಒಟಿಪಿ ಬರುವ ಫೋನ್‌ನಲ್ಲಿ ಯಾರೋ ತಿದ್ದಿದ ಆ್ಯಪ್‌ಗೆ ಇಂಥ ಅನುಮತಿ ಸುಮ್ನೆ ಕೊಡುವುದೇ? ರೂಟ್ ಕಂಡರೆ ಎಷ್ಟೋ ಬ್ಯಾಂಕ್ ಆ್ಯಪ್‌ಗಳು ತೆರೆಯದಿರುವುದು ಇದಕ್ಕೇ.

ಇನ್ನು ದುಡ್ಡು ಕೊಡಬೇಕಾದ ಆ್ಯಪ್ ಅನ್ನು ಪುಕ್ಕಟೆ ಮಾಡಿಕೊಳ್ಳುವುದು. ಅದಕ್ಕೆ ‘ಕಳವು’ ಎಂದೇ ಬರೆದಿದ್ದೇನೆ.

ಈಗ ನನ್ನ ಪ್ರಶ್ನೆ. ಎಕ್ಸ್‌ಪೋಸ್ಡ್ ಎಂಬ ಸಾಧನ ಎಪಿಕೆ ಕಡತವನ್ನು ಮುಟ್ಟುವುದಿಲ್ಲ. ಆ್ಯಪ್ ಓಡುತ್ತಿರುವಾಗ ಅದರ ವರ್ತನೆಯನ್ನಷ್ಟೇ ಬದಲಿಸುತ್ತದೆ. ಸಹಿ ಹಾಗೆಯೇ ಉಳಿಯುತ್ತದೆ. ಇದಕ್ಕೂ ‘ತಿದ್ದು’ ಒಪ್ಪುತ್ತದೆಯೇ? ‘ನಡೆ ತಿರುಗಿಸು’ ಅಂತ ಬರೆದು ನೋಡಿದೆ, ಆದರೆ ಬರೀ ಅದನ್ನೇ ಓದಿದವರಿಗೆ ಅರ್ಥವಾಗಲಿಕ್ಕಿಲ್ಲ.

‘ರೂಟ್ ಮಾಡಿದ ಫೋನ್’ಗೆ ‘ಬೇರೂರಿಸಿದ ಫೋನ್’ ಬೇಡ ಅಂತ ನಿರ್ಧರಿಸಿದ್ದೇನೆ. ಯೂನಿಕ್ಸ್ ಎಂಬ ಆಪರೇಟಿಂಗ್ ಸಿಸ್ಟಮ್‌ನಲ್ಲಿ ಎಲ್ಲ ಅಧಿಕಾರ ಇರುವ ಖಾತೆಯ ಹೆಸರೇ ‘ರೂಟ್’. ಹೆಸರನ್ನು ಅನುವಾದ ಮಾಡುವುದು ಸರಿ ಕಾಣುವುದಿಲ್ಲ.

ಉಡುಪಿ, ಕುಂದಾಪುರ ಕಡೆಯ ರಿಪೇರಿಯವರು ಇವಕ್ಕೆಲ್ಲ ಬೇರೆ ಮಾತು ಬಳಸುವುದನ್ನು ಕೇಳಿದ್ದರೆ ದಯವಿಟ್ಟು ತಿಳಿಸಿ.