ಮೂವತ್ತೊಂಬತ್ತೇ ಶಾಟ್‌ಗಳಿದ್ದರೆ ಸಂಕಲನಕಾರರಿಗೆ ಏನು ಕೆಲಸ?

ಪ್ರಶ್ನೆ (ಸರಸ್ವತಿಪುರಂ, ಮೈಸೂರು): ಭಾನುವಾರ ನಮ್ಮ ಮನೆಯಲ್ಲಿ ಗೆಳೆಯರೆಲ್ಲ ಕೂತು ಹಂಗೇರಿಯ ‘ವೆರ್ಕ್‌ಮೈಸ್ಟರ್ ಹಾರ್ಮೊನೀಸ್’ (2000) ನೋಡಿದೆವು. ಸುಮಾರು ಎರಡೂವರೆ ಗಂಟೆಯ ಚಿತ್ರದಲ್ಲಿ ಇರುವುದು 39 ಶಾಟ್‌ಗಳು (ನಡುವೆ ಕತ್ತರಿ ಬೀಳದೆ ಒಂದೇ ಓಟದಲ್ಲಿ ಸೆರೆಹಿಡಿದ ತುಣುಕುಗಳು) ಮಾತ್ರ. ಹಾಗಿದ್ದೂ ಸಂಕಲನ ಮಾಡಿದ ಆಗ್ನೆಶ್ ಹ್ರಾನಿತ್ಸ್ಕಿ ಅವರಿಗೆ ನಿರ್ದೇಶಕ ಬೇಲಾ ತಾರ್ ಅವರೊಂದಿಗೆ ಸಹನಿರ್ದೇಶಕಿ ಎಂಬ ಮನ್ನಣೆ ಏಕೆ?

ಉತ್ತರ: ಮೊದಲಿಗೆ, ಇದು ಗಾಂಧಿನಗರದ ‘ಸಹನಿರ್ದೇಶಕ’, ಅಂದರೆ ನಿರ್ದೇಶಕರ ಸಹಾಯಕ, ಅಲ್ಲ; ನಿರ್ದೇಶನದಲ್ಲೇ ಪಾಲು. ಆ ಚಿತ್ರದ ಮೊದಲ ಶಾಟ್ ನೆನಪಿಸಿಕೊಳ್ಳಿ: ಹೆಂಡದಂಗಡಿಯಲ್ಲಿ ಕುಡುಕರು ಸೂರ್ಯ, ಭೂಮಿ, ಚಂದ್ರರಾಗಿ ತೂರಾಡುತ್ತ ಸುತ್ತುವ ಆ ಹತ್ತು ನಿಮಿಷವನ್ನು ಆಮೇಲೆ ಸಂಕಲನದ ಮೇಜಿನ ಮೇಲೆ ಕತ್ತರಿಸಿ ತಿದ್ದಲಾಗದು, ಆದ್ದರಿಂದ ಅದರ ಲಯ ಚಿತ್ರೀಕರಣದ ಸ್ಥಳದಲ್ಲೇ ನಿರ್ಧಾರವಾಗಬೇಕು. ಅಂದರೆ ಇಲ್ಲಿ ಸಂಕಲನವೂ ನಿರ್ದೇಶನದ ಭಾಗವೇ.

ಇನ್ನೊಂದು ಉತ್ತರ: ತಾರ್ ಅವರ, ಏಳು ಗಂಟೆ ಮೀರುವ ‘ಸಾತಾನ್‌ಟ್ಯಾಂಗೊ’ವಿನ (1994) ಸಂಕಲನವೂ ಹ್ರಾನಿತ್ಸ್ಕಿ ಅವರದೇ. 2011ರ ‘ದಿ ಟ್ಯೂರಿನ್ ಹಾರ್ಸ್’ನಲ್ಲಂತೂ ಶಾಟ್‌ಗಳು ಕೇವಲ 30, ಅಲ್ಲಿಯೂ ಅವರು ಸಹನಿರ್ದೇಶಕಿ. ಬಿಸಿ ಆಲೂಗಡ್ಡೆಯನ್ನು ಬೆರಳಲ್ಲೇ ಸುಲಿದು ತಿನ್ನುವ ದೃಶ್ಯವನ್ನು ತಾಳ್ಮೆಯಿಂದ ನೋಡಿ.